ಮೂಕಿ ತೆರೆಯ ಮೇಲೆ ಕಮಲಾದೇವಿ

ಕಮಲಾದೇವಿ ಚಟ್ಟೋಪಾಧ್ಯಾಯ ಎಂದೊಡನೆ ನೆನಪಾಗುವುದು ಉಪ್ಪಿನ ಸತ್ಯಾಗ್ರಹ, ಕೈಮಗ್ಗ, ಕರಕುಶಲ ಕಲೆ. ಮಂಗಳೂರಿನ ಈ ಧೀಮಂತ ಮಹಿಳೆ ಮೂಕಿ ಚಿತ್ರವೊಂದರಲ್ಲಿ ಬಣ್ಣ ಹಚ್ಚಿದ್ದರೆಂಬುದು ಬಹಳ ಮಂದಿಗೆ ತಿಳಿಯದು.

1903ರ ಏಪ್ರಿಲ್ 3ರಂದು ಜನಿಸಿದ ಕಮಲಾದೇವಿಯವರ ತಂದೆ ಅನಂತಯ್ಯ ಧಾರೇಶ್ವರ ಸರಕಾರದ ಉನ್ನತ ಅಧಿಕಾರಿ. ಮಗಳಿಗೆ ಏಳು ವರ್ಷವಾಗಿದ್ದಾಗ ಅವರು ಉಯಿಲು ಬರೆಯದೆಯೇ ತೀರಿಕೊಂಡರು. ಆಸ್ತಿಯೆಲ್ಲ ಮೊದಲ ಹೆಂಡತಿಯ ಮಗನ ಪಾಲಾಯಿತು. ತಾಯಿ ಗಿರಿಜಾಬಾಯಿ ಜೀವನಾಂಶಕ್ಕೆ ಕೈಚಾಚದೆ ತವರಿನ ಹಣದಲ್ಲೇ ಮಕ್ಕಳನ್ನು ಸಾಕಿದರು. ಮಗಳ ಹಟದ ಮೂಲವನ್ನು ಇಲ್ಲಿಯೇ ಕಾಣಬಹುದು.

ಹದಿನಾಲ್ಕರ ಹರೆಯದಲ್ಲಿ ಮದುವೆ. ಎರಡು ವರ್ಷ ತುಂಬುವ ಮೊದಲೇ ವೈಧವ್ಯ. ಆದರೆ ಆಕೆ ಮೂಲೆ ಸೇರಲಿಲ್ಲ. ಮದರಾಸಿನ ಕ್ವೀನ್ ಮೇರೀಸ್ ಕಾಲೇಜಿಗೆ ಸೇರಿದರು. ಅಲ್ಲಿ ಸರೋಜಿನಿ ನಾಯ್ಡು ಅವರ ತಂಗಿ ಸುಹಾಸಿನಿಯ ಮೂಲಕ ಕವಿ, ನಟ ಹರೀಂದ್ರನಾಥ ಚಟ್ಟೋಪಾಧ್ಯಾಯರ ಪರಿಚಯವಾಯಿತು. ವಿಧವೆಯ ಮರುವಿವಾಹ, ಅದೂ ಪರಭಾಷಿಕನೊಡನೆ! ಸಂಪ್ರದಾಯಸ್ಥರು ಕೆರಳಿದರು. ದಂಪತಿಗಳು ಮಾತ್ರ ನಾಟಕ ಪ್ರಯೋಗಗಳಲ್ಲಿ ತೊಡಗಿದರು.

ಆಗ ಮರ್ಯಾದಸ್ಥ ಮನೆತನದ ಹೆಂಗಸರು ಕ್ಯಾಮರಾದ ಮುಂದೆ ನಿಲ್ಲುವುದೆಂದರೆ ಅಪರಾಧವೇ ಸರಿ. 1913ರ ‘ರಾಜಾ ಹರಿಶ್ಚಂದ್ರ’ ಚಿತ್ರದ ತಾರಾಮತಿ ಪಾತ್ರಕ್ಕೆ ಹೆಣ್ಣು ಸಿಗದೆ ದಾದಾಸಾಹೇಬ್ ಫಾಲ್ಕೆ ಹೋಟೆಲಿನಲ್ಲಿ ದುಡಿಯುತ್ತಿದ್ದ ಅಣ್ಣಾ ಸಾಳುಂಕೆ ಎಂಬ ಯುವಕನಿಗೆ ಸೀರೆ ಉಡಿಸಬೇಕಾಯಿತು. ಮೂಕಿ ಯುಗ ಮುಗಿಯುತ್ತ ಬಂದ ವೇಳೆಗೂ ಈ ಅಂಜಿಕೆ ಪೂರ್ತಿ ಅಳಿದಿರಲಿಲ್ಲ. ಅಂಥ ದಿನಗಳಲ್ಲಿ ಮೋಹನ ಭವನಾನಿ ಶೂದ್ರಕನ ‘ಮೃಚ್ಛಕಟಿಕ’ವನ್ನು ‘ವಸಂತಸೇನಾ’ ಎಂಬ ಹೆಸರಿನಲ್ಲಿ ಚಿತ್ರವಾಗಿಸಿದರು. ಏಣಾಕ್ಷಿ ರಾಮರಾವ್, ಕನ್ನಡದ ಹಾಸ್ಯಬ್ರಹ್ಮ ಟಿ.ಪಿ. ಕೈಲಾಸಂ ಅವರೊಂದಿಗೆ ಕಮಲಾದೇವಿಯೂ ಅಭಿನಯಿಸಿದರು. ಮಾತಿನ ಮೋಡಿಗಾರ ಕೈಲಾಸಂ ಮಾತಿಲ್ಲದ ಚಿತ್ರದಲ್ಲಿ ನಟಿಸಿದ್ದು ಇನ್ನೊಂದು ಸೋಜಿಗ.

ಆಕೆಯ ಸಾರ್ವಜನಿಕ ಹೊಣೆಗಾರಿಕೆಯನ್ನು ನೆನೆದರೆ ಈ ಎದೆಗಾರಿಕೆ ಇನ್ನೂ ದೊಡ್ಡದೆನಿಸುತ್ತದೆ. 1926ರಲ್ಲಿ ಅವರು ಮದರಾಸು ಶಾಸನಸಭೆಗೆ ಸ್ಪರ್ಧಿಸಿ ಅಲ್ಪ ಮತಗಳಿಂದ ಸೋತಿದ್ದರು. ಮರುವರ್ಷ ಹುಟ್ಟಿದ ಅಖಿಲ ಭಾರತ ಮಹಿಳಾ ಸಮ್ಮೇಳನದ ಸಂಘಟನೆಯಲ್ಲಿ ಮುಂಚೂಣಿಯಲ್ಲಿದ್ದರು. ಹೆಸರಿಗೆ ಮಸಿ ಬಳಿಯಲು ಕಾದವರಿಗೆ ಸಿನಿಮಾ ಒಂದೇ ಸಾಕಿತ್ತು. 1930ರಲ್ಲಿ ಹೆಂಗಸರೂ ಉಪ್ಪಿನ ಸತ್ಯಾಗ್ರಹಕ್ಕಿಳಿಯಲೆಂದು ಗಾಂಧೀಜಿಯವರನ್ನು ಒಪ್ಪಿಸಿದವರೂ, ಮುಂಬೈಯಲ್ಲಿ ಉಪ್ಪು ಮಾರಿ ಸೆರೆಮನೆ ಸೇರಿದವರೂ ಇದೇ ಕಮಲಾದೇವಿ.

ಹರೀಂದ್ರನಾಥರೊಂದಿಗಿನ ದಾಂಪತ್ಯ ವಿಚ್ಛೇದನದಲ್ಲಿ ಕೊನೆಗೊಂಡಿತು. ದೇಶವಿಭಜನೆಯ ನಂತರ ಫರಿದಾಬಾದಿನಲ್ಲಿ ನಿರಾಶ್ರಿತರಿಗೆ ನೆಲೆ ಕಟ್ಟಿಕೊಡಲು ದುಡಿದ ಕಮಲಾದೇವಿ, ಅಖಿಲ ಭಾರತ ಕರಕುಶಲ ಮಂಡಳಿಯ ಸಾರಥ್ಯ ವಹಿಸಿದರು. 1966ರಲ್ಲಿ ಮ್ಯಾಗ್ಸೆಸೆ ಪ್ರಶಸ್ತಿ, 1987ರಲ್ಲಿ ಪದ್ಮವಿಭೂಷಣ ಬಂದವು. ಹರೀಂದ್ರನಾಥರು ಇಳಿವಯಸ್ಸಿನಲ್ಲಿ ಹಿಂದಿಯ ‘ಬಾವರ್ಚಿ’ (1972) ಮೊದಲಾದ ಚಿತ್ರಗಳಿಂದ ಮನೆಮಾತಾದರು. ಅವರ ಮಾಜಿ ಪತ್ನಿಯೂ ಒಮ್ಮೆ ತೆರೆಯ ಮೇಲೆ ಬಂದಿದ್ದರೆಂದು ಆ ಪ್ರೇಕ್ಷಕರಲ್ಲಿ ಎಷ್ಟು ಮಂದಿಗೆ ಗೊತ್ತಿತ್ತೋ! 1988ರ ಅಕ್ಟೋಬರ್ 29ರಂದು ಕಮಲಾದೇವಿ ಮುಂಬೈಯಲ್ಲಿ ನಿಧನರಾದರು.