ಅಮೀರಬಾಯಿ ಕರ್ನಾಟಕಿ

ಹುಕ್ಕೇರಿ ಸೀಮೆಯ ಹಿಡಕಲ್ಲಿನಲ್ಲಿ ಅಣೆಕಟ್ಟಿಗೆ ತಡೆಗೊಂಡು ನಿಲ್ಲುವ ಘಟಪ್ರಭೆ ಅಲ್ಲಿಂದ ಮುಂದೆ ಗೋಕಾಕದ ಬಳಿ 171 ಅಡಿ ಆಳಕ್ಕೆ ಧುಮುಕುತ್ತಾಳೆ; ಮೂಡಲಗಿಯ ಕಬ್ಬಿನ ಹೊಲಗಳ ಸೀಮೆಯನ್ನು ತಣಿಸಿ ಮೂಡಣಕ್ಕೆ ಸಾಗುತ್ತ, ಕಡೆಗೆ ಬೀಳಗಿ ತಾಲೂಕಿನ ಚಿಕ್ಕಸಂಗಮದಲ್ಲಿ ಕೃಷ್ಣೆಯನ್ನು ಕೂಡುತ್ತಾಳೆ. ನಮ್ಮೂರಿನ ನೀರು ಹೋಗಿ ಮುಟ್ಟುವ ಆ ಬೀಳಗಿಯಲ್ಲಿ ಹುಟ್ಟಿದ ಹೆಣ್ಣುಮಗಳೊಬ್ಬಳ ಕೊರಳನ್ನು ಒಂದು ಕಾಲಕ್ಕೆ ಕರಾಚಿಯಿಂದ ಕಲಕತ್ತೆಯವರೆಗಿನ ಜನ ಗುರುತಿಸುತ್ತಿದ್ದರು. ಆಕೆಯ ಹೆಸರು ಅಮೀರಬಾಯಿ ಕರ್ನಾಟಕಿ.

ಈ ಲೇಖನಕ್ಕೆ ಒಂದು ಸಣ್ಣ ಪ್ರಸಂಗವೇ ಕಾರಣ. ನಮ್ಮ ಕಾಲೇಜಿನ ಸ್ನೇಹಸಮ್ಮೇಳನದಲ್ಲಿ ಇಬ್ಬರು ವಿದ್ಯಾರ್ಥಿನಿಯರು 1950ರ ‘ಸಮಾಧಿ’ ಚಿತ್ರದ ಜೋಡಿಹಾಡನ್ನು ಬಲು ಉತ್ಸಾಹದಿಂದ ಹಾಡಿದರು. ಸಿ. ರಾಮಚಂದ್ರ ಅವರ ಕುಣಿಸುವ ಧಾಟಿ. ಸಭೆ ಚಪ್ಪಾಳೆಯಿಂದ ತುಂಬಿತು. ಮೂಲದಲ್ಲಿ ಇದನ್ನು ಹಾಡಿದವರಾರೆಂದು ಬಳಿಕ ಕೇಳಿದೆ. ಲತಾ ಮಂಗೇಶಕರ ಎಂಬ ಉತ್ತರ ಒಡನೆಯೇ ಬಂದಿತು. ಎರಡನೆಯ ದನಿ ಯಾರದೆಂದುದಕ್ಕೆ ಉತ್ತರವಿಲ್ಲ. ಅವರನ್ನು ಆಕ್ಷೇಪಿಸುವ ಅಧಿಕಾರ ನನಗೂ ಇರಲಿಲ್ಲ. ಕನ್ನಡ ಎಂ.ಎ. ಪದವಿ ಪಡೆದು ಹೊರಬಿದ್ದಾಗ ನನಗೂ ಆ ಹೆಸರು ಗೊತ್ತಿರಲಿಲ್ಲ. ಜನ್ನನ ಅಮೃತಮತಿಯನ್ನು ಬಲ್ಲೆವು, ಲಕ್ಷ್ಮೀಶನ ಚಂದ್ರಹಾಸನನ್ನು ಬಲ್ಲೆವು. ನಮ್ಮ ಹೊಳೆಯ ಕೆಳದಂಡೆಯ ಗಾಯಕಿಯನ್ನು ಅರಿಯೆವು. ಮುಂದೆ ರಹಮತ್ ತರೀಕೆರೆಯವರು ಅಮೀರಬಾಯಿಯವರ ಜೀವನವನ್ನು ಕುರಿತು ಕನ್ನಡದಲ್ಲಿ ಪುಸ್ತಕ ಬರೆದುದರಿಂದ ನನ್ನಂಥವರ ಕಣ್ಣು ತೆರೆಯಿತೆನ್ನಬೇಕು.

ಇಪ್ಪತ್ತನೆಯ ಶತಮಾನದ ಮೊದಲ ವರ್ಷಗಳ ಬೀಳಗಿ ಮುಂಬಯಿ ಪ್ರಾಂತದ ಬಿಜಾಪುರ ಜಿಲ್ಲೆಗೆ ಸೇರಿದ ಒಂದು ಬಿಸಿಲೂರು. ಅಲ್ಲಿನ ಮುಸಲ್ಮಾನ ಮನೆತನವೊಂದರಲ್ಲಿ ಅಮೀರಬಾಯಿ ಜನಿಸಿದರು. ಮನೆಯಲ್ಲಿ ಹಾಡು, ತಬಲಾ, ರಂಗಭೂಮಿ ಇವೇ ಬದುಕಿನ ಆಧಾರ. ಅಕ್ಕತಂಗಿಯರಲ್ಲಿ ಗೋಹರಬಾಯಿ, ಅಮೀರಬಾಯಿ ಇಬ್ಬರೂ ಎಳೆವಯಸ್ಸಿನಲ್ಲೇ ನಾಟಕದ ಕಂಪನಿಗಳ ದಾರಿ ಹಿಡಿದರು. ಆ ಕಾಲದಲ್ಲಿ ಹೆಣ್ಣು ಬಣ್ಣ ಹಚ್ಚಿಕೊಳ್ಳುವುದೆಂದರೇನೆಂಬುದನ್ನು ಇಂದಿನ ವಾಚಕರು ಊಹಿಸಿಕೊಳ್ಳಬೇಕು. ಹೆಣ್ಣಿನ ಪಾತ್ರವನ್ನು ಗಂಡಸು ವಹಿಸಿದರೆ ಅದು ಕಲೆ. ಹೆಣ್ಣೇ ವಹಿಸಿದರೆ ಊರ ಬಾಯಿಗೆ ಆಹಾರ. ರಾತ್ರಿ ಹಾಡು ಕೇಳಿ ತಲೆದೂಗಿದವರೇ ಹಗಲು ಆಕೆಯನ್ನು ತಮ್ಮ ಮನೆಯ ಹೊಸ್ತಿಲಿಂದಾಚೆ ನಿಲ್ಲಿಸುತ್ತಿದ್ದರು.

ಇದು ಬೀಳಗಿಯೊಂದರ ಮಾತಲ್ಲ. ನಮ್ಮ ಕುಲಗೋಡದ ತಮ್ಮಣ್ಣ ಬೆಳಸಿದ ಶ್ರೀಕೃಷ್ಣ ಪಾರಿಜಾತದಲ್ಲಿ ಕೌಜಲಗಿಯ ನಿಂಗಮ್ಮ ಕೀರ್ತಿಗಳಿಸಿದುದನ್ನು ಈ ಸೀಮೆಯ ಹಿರಿಯರು ಹೆಮ್ಮೆಯಿಂದ ನೆನೆಯುತ್ತಾರೆ. ಆ ಹೆಮ್ಮೆ ಆಕೆಗೆ ಸಿದ್ಧವಾಗಿ ದೊರೆತದ್ದಲ್ಲ, ಗೆಜ್ಜೆ ಸವೆಸಿ ಗಳಿಸಿದ್ದು. ನಿಂಗಮ್ಮನ ದಾರಿ ನೆಲದ ಆಟವನ್ನೇ ಹಿಡಿದು ಬೆಳೆದರೆ, ಅಮೀರಬಾಯಿಯ ದಾರಿ ಮುಂಬಯಿಗೆ ಹೊರಳಿತು.

ಮುಂಬಯಿಯಲ್ಲಿ ಅಕ್ಕ ಗೋಹರ ಅದಾಗಲೇ ನಟಿಯಾಗಿದ್ದರು. ಆಗ ಅಲ್ಲಿ ರಣಜಿತ್ ಸಂಸ್ಥೆಯ ಗೋಹರ್ ಎಂಬ ಮತ್ತೊಬ್ಬ ತಾರೆ ಬೆಳಗುತ್ತಿದ್ದುದರಿಂದ, ಗೊಂದಲವನ್ನು ಕಳೆಯಲೂ ಒಂದು ಅಡ್ಡಹೆಸರು ಬೇಕಾಗಿದ್ದೀತೆಂದು ನನ್ನ ಊಹೆ. ಕಾರಣವೇನೇ ಇರಲಿ, ಅಕ್ಕತಂಗಿಯರು ಆರಿಸಿಕೊಂಡ ಶಬ್ದವನ್ನು ಗಮನಿಸಬೇಕು. ಬೀಳಗೀಕರ ಎಂದಾಗಲಿ, ಬಿಜಾಪುರಕರ ಎಂದಾಗಲಿ ಅವರು ಕರೆದುಕೊಳ್ಳಲಿಲ್ಲ; ಕರ್ನಾಟಕಿ ಎಂದರು. ಅಮೀರಬಾಯಿಯವರ ಮೊದಲ ಚಿತ್ರ ‘ವಿಷ್ಣುಭಕ್ತಿ’ 1934ರದು. ಆ ವರ್ಷ ಭೂಪಟದಲ್ಲಿ ಕರ್ನಾಟಕವೆಂಬ ಪ್ರಾಂತವೇ ಇರಲಿಲ್ಲ. ಕನ್ನಡಿಗರು ಮುಂಬಯಿ, ಮದರಾಸು, ಹೈದರಾಬಾದು, ಮೈಸೂರು, ಕೊಡಗುಗಳಲ್ಲಿ ಹರಿದು ಹಂಚಿಹೋಗಿದ್ದರು. ಏಕೀಕರಣದ ಭಾಷಣಗಳು ಧಾರವಾಡದ ಸಭೆಗಳಲ್ಲಿ ನಡೆಯುತ್ತಿದ್ದಾಗ, ಇತ್ತ ಮುಂಬಯಿಯ ಚಿತ್ರಮಂದಿರಗಳ ಹಲಗೆಯ ಮೇಲೆ, ಗ್ರಾಮಫೋನ್ ತಟ್ಟೆಗಳ ಮುಖದ ಮೇಲೆ ಆ ನಾಡಿನ ಹೆಸರು ಇಬ್ಬರು ಮುಸಲ್ಮಾನ ಹೆಣ್ಣುಮಕ್ಕಳ ಬೆನ್ನೇರಿ ಊರೂರು ತಿರುಗುತ್ತಿತ್ತು. ಏಕೀಕರಣದ ಇತಿಹಾಸಗಳಲ್ಲಿ ಇವರಿಗೆ ಒಂದು ವಾಕ್ಯದ ಜಾಗವನ್ನಾದರೂ ಕೊಡಬೇಕಿತ್ತು.

ಮೊದಲ ವರ್ಷಗಳು ಸುಲಭವಾಗಿರಲಿಲ್ಲ. ಸಣ್ಣಪುಟ್ಟ ಪಾತ್ರಗಳು, ಬಂದವು ಹೋದವು. ಆಗಿನ ನಟಿ ತನ್ನ ಹಾಡನ್ನು ತಾನೇ ಹಾಡಬೇಕು. 1935ರ ಸುಮಾರಿಗೆ ಹಿನ್ನೆಲೆ ಗಾಯನದ ಪದ್ಧತಿ ಬಂದಿತು: ಮುಖ ಒಬ್ಬರದು, ಕೊರಳು ಇನ್ನೊಬ್ಬರದು. ಅಮೀರಬಾಯಿಯವರ ಭಾಗ್ಯ ತೆರೆದದ್ದು ಈ ಬಿರುಕಿನಿಂದಲೇ. 1940ರಲ್ಲಿ ವಿಜಯ ಭಟ್ಟರ ‘ನರಸೀ ಭಗತ್’ನಲ್ಲಿ ಅವರಿದ್ದರು, ಗಾಂಧೀಜಿಗೆ ಪ್ರಿಯವಾದ ನರಸೀ ಮೆಹತಾನ ಭಜನೆಯನ್ನು ಹಾಡಿ ಜನಮನ್ನಣೆ ಪಡೆದ ಕೊರಳುಗಳಲ್ಲಿ ಇವರದೂ ಒಂದು.

1943ರಲ್ಲಿ ಬಾಂಬೆ ಟಾಕೀಜಿನ ‘ಕಿಸ್ಮತ್’ ಬಂದಿತು. ನಿರ್ದೇಶಕರು ಜ್ಞಾನ ಮುಖರ್ಜಿ. ನಾಯಕ ಅಶೋಕಕುಮಾರ, ನಾಯಿಕೆ ಮುಮ್ತಾಜ್ ಶಾಂತಿ. ಸಂಗೀತ ಅನಿಲ ಬಿಸ್ವಾಸರದು, ಪದಗಳು ಕವಿ ಪ್ರದೀಪರವು. ಕಲಕತ್ತೆಯ ರಾಕ್ಸಿ ಚಿತ್ರಮಂದಿರವೊಂದರಲ್ಲೇ ಅದು ಮೂರು ವರ್ಷಗಳಿಗೂ ಮೀರಿ ನಡೆಯಿತು. ನಾಯಿಕೆಯ ಬಾಯಿಂದ ಹೊರಟದ್ದು ಹೆಚ್ಚಾಗಿ ಬೀಳಗಿಯ ಕೊರಳು. ಚಲೇಜಾವ್ ಚಳವಳಿಯ ನಾಯಕರು ಸೆರೆಮನೆಯಲ್ಲಿದ್ದ ಕಾಲವದು. ಹಿಂದುಸ್ಥಾನ ನಮ್ಮದು, ಪರರು ತೊಲಗಲಿ ಎಂಬ ಭಾವದ ಗೀತವೊಂದನ್ನು ಅಮೀರಬಾಯಿ, ಖಾನ್ ಮಸ್ತಾನಾ ಕೂಡಿ ಹಾಡಿದರು. ಪ್ರದೀಪರ ಜಾಣತನವೆಂದರೆ, ಪದದಲ್ಲಿ ಹೆಸರಿಸಿದ ಶತ್ರುಗಳು ಜರ್ಮನಿ ಮತ್ತು ಜಪಾನು. ಇಂಗ್ಲಿಷರ ವೈರಿಗಳನ್ನೇ ಬೈದ ಹಾಡನ್ನು ಇಂಗ್ಲಿಷರ ಪರಿಶೀಲಕರು ತಡೆಯುವುದೆಂತು? ಹಾಡು ಹೊರಬಿತ್ತು. ಯಾರಿಗೆ ಹೇಳಿದ್ದೆಂಬುದು ಪ್ರೇಕ್ಷಕರಿಗೆ ಮಾತ್ರ ತಕ್ಷಣ ತಿಳಿಯಿತು. ಊರೂರುಗಳಲ್ಲಿ ಸುರುಳಿಯನ್ನು ಹಿಂದಕ್ಕೆ ತಿರುಗಿಸಿ ಮತ್ತೆ ಮತ್ತೆ ತೋರಿಸಬೇಕಾಯಿತು. ಸರಕಾರ ಎಚ್ಚತ್ತಮೇಲೆ ಪ್ರದೀಪರು ಕೆಲಕಾಲ ತಲೆಮರೆಸಿಕೊಂಡಿದ್ದರು.

ಅದೇ ಚಿತ್ರದಲ್ಲಿ, ನಿನ್ನ ಹೊರತು ನನಗಾರಿದ್ದಾರೆಂದು ಕೃಷ್ಣನನ್ನು ಮೊರೆಯಿಡುವ ಹಾಡೊಂದುಂಟು. ಅದನ್ನು ಹಾಡಿದವರೂ ಅಮೀರಬಾಯಿಯೇ. ಮುಸಲ್ಮಾನ ಹೆಣ್ಣು ಕೃಷ್ಣನನ್ನು ಹೀಗೆ ಕರೆಯುವುದೇ ಎಂದು ಬೇರೆಡೆಯವರು ಬೆರಗಾಗಬಹುದು. ಶಿಶುನಾಳ ಶರೀಫರ ಪದಗಳನ್ನು ಭಜನಾಮೇಳಗಳಲ್ಲಿ ಕೇಳುತ್ತ ಬೆಳೆದ ನಮಗೆ ಅದರಲ್ಲಿ ಬೆರಗಿಲ್ಲ. ಆ ದನಿಯಲ್ಲಿ ಒಂದು ಬಗೆಯ ಮಣ್ಣಿನ ತೂಕವಿದೆ. ತೆಳ್ಳಗೆ ಮೇಲೇರಿ ಮಿನುಗುವ ದನಿಯಲ್ಲ, ಕಂಪನಿ ನಾಟಕದ ಕೊನೆಯ ಸಾಲಿನಲ್ಲಿ ಕುಳಿತವನಿಗೂ ಕೇಳಲೆಂದು ತುಂಬುಗೊರಳಿಂದ ಹಾಡಿದ ದನಿ. ಮೂಡಲಗಿಯ ಮಿತ್ರರೊಬ್ಬರ ಮನೆಯಲ್ಲಿ ಹಳೆಯ ತಟ್ಟೆಯ ಕರಕರ ಸದ್ದಿನ ನಡುವೆ ಅದನ್ನು ಕೇಳಿದಾಗ ನನಗೆ ಮೊದಲು ನೆನಪಾದದ್ದು ಪಾರಿಜಾತದ ಭಾಮೆ.

ಮುಂದಿನ ವರ್ಷ ನೌಷಾದರ ‘ರತನ್’, 1947ರಲ್ಲಿ ‘ಸಿಂದೂರ್’. 1948ರ ‘ಶಹನಾಜ್’ ಚಿತ್ರಕ್ಕೆ ಅವರು ಸ್ವತಃ ಸಂಗೀತ ನಿರ್ದೇಶನ ಮಾಡಿದರು. ಹೆಣ್ಣು ವಾದ್ಯಮೇಳವನ್ನು ನಡೆಯಿಸುವುದು ತೀರ ಅಪರೂಪವಾಗಿದ್ದ ಚಿತ್ರರಂಗದಲ್ಲಿ ಇದು ಸಣ್ಣ ಮಾತಲ್ಲ. ಕನ್ನಡದ ಕೋಗಿಲೆಯೆಂಬ ಬಿರುದೂ ಅವರಿಗೆ ಸಂದಿತು.

ಮನೆಯ ಬದುಕು ಈ ಕೀರ್ತಿಗೆ ಸರಿದೊರೆಯಾಗಿರಲಿಲ್ಲ. ತೆರೆಯ ಮೇಲೆ ಖಳಪಾತ್ರಗಳಿಗೆ ಹೆಸರಾದ ಹಿಮಾಲಯವಾಲಾ ಎಂಬ ನಟರೊಡನೆ ಆದ ಮೊದಲ ಮದುವೆ ದುಃಖವನ್ನೇ ತಂದಿತು. ಅದರಿಂದ ಬಿಡುಗಡೆ ಪಡೆದರು. ದೇಶ ವಿಭಜನೆಯಾದಾಗ ಹಿಮಾಲಯವಾಲಾ ಪಾಕಿಸ್ತಾನಕ್ಕೆ ಹೋದರು. ಅಮೀರಬಾಯಿ ಇಲ್ಲಿಯೇ ಉಳಿದರು. ಅನಂತರ ‘ಪಾರಸ್’ ಪತ್ರಿಕೆಯ ಸಂಪಾದಕ ಬದ್ರಿ ಕಾಂಚವಾಲಾ ಅವರನ್ನು ವರಿಸಿ ನೆಮ್ಮದಿ ಕಂಡರು.

1949ರ ಹೊತ್ತಿಗೆ ಲತಾ ಅವರ ಯುಗ ಉದಯಿಸಿತು. ಕೇಳುವ ಕಿವಿಗಳ ರುಚಿಯೇ ಬದಲಾಯಿತು. ತೂಕದ ಕೊರಳುಗಳೆಲ್ಲ ಒಂದೊಂದಾಗಿ ಹಿಂದೆ ಸರಿದವು. ನಮ್ಮ ಹುಡುಗಿಯರು ಹಾಡಿದ ‘ಸಮಾಧಿ’ಯ ಹಾಡು ಇದೇ ಹೊಸ್ತಿಲಲ್ಲಿ ನಿಂತದ್ದು: ಬರುವ ಕಾಲದ ದನಿಯೊಂದು, ಹೋಗುವ ಕಾಲದ ದನಿಯೊಂದು, ಒಂದೇ ತಟ್ಟೆಯಲ್ಲಿ ಪರಸ್ಪರ ಚೇಷ್ಟೆ ಮಾಡುತ್ತ ಹಾಡುತ್ತವೆ. ಅಲ್ಲಿ ಅಸೂಯೆಯ ಸುಳಿವಿಲ್ಲ. ಹಾಡುಗಳು ಕಡಿಮೆಯಾದಂತೆ ಅಮೀರಬಾಯಿ ಪೋಷಕ ಪಾತ್ರಗಳಿಗೆ ಮರಳಿದರು. ಬೇರೆಯವರ ಮುಖಕ್ಕೆ ಕೊರಳನ್ನಿತ್ತವರು ಈಗ ಹಾಡಿಲ್ಲದ ಪಾತ್ರಗಳಿಗೆ ತಮ್ಮ ಮುಖವನ್ನಿತ್ತರು. ದೂರಲಿಲ್ಲವೆಂದು ನಾನು ಹೇಳಲಾರೆ, ದುಡಿಯುವುದನ್ನಂತೂ ನಿಲ್ಲಿಸಲಿಲ್ಲ.

ಅಕ್ಕನ ಕಥೆ ಇನ್ನೂ ಕಠಿಣ. ಮರಾಠಿ ರಂಗಭೂಮಿಯ ಬಾಲಗಂಧರ್ವರನ್ನು ಆರಾಧಿಸಿದ ಗೋಹರಬಾಯಿ 1938ರಲ್ಲಿ ಅವರ ನಾಟಕ ಮಂಡಳಿಯನ್ನು ಸೇರಿದರು. 1951ರಲ್ಲಿ ಅವರಿಬ್ಬರ ಮದುವೆಯಾಯಿತು. ಸೀರೆಯುಟ್ಟು ಮಹಾರಾಷ್ಟ್ರವನ್ನು ಮೋಹಗೊಳಿಸಿದ ಗಂಧರ್ವರು ವೃದ್ಧರಾಗುತ್ತಿದ್ದಂತೆ ಅದೇ ರಂಗದ ಮೇಲೆ ನಿಜವಾದ ಹೆಣ್ಣಾಗಿ ನಿಂತ ಗೋಹರರನ್ನು ಮರಾಠಿ ರಸಿಕರಲ್ಲಿ ಅನೇಕರು ಕ್ಷಮಿಸಲೇ ಇಲ್ಲ. ಗಂಧರ್ವರ ಪತನಕ್ಕೆ ಆಕೆಯನ್ನೇ ಹೊಣೆಮಾಡಿದರು. ಮುಪ್ಪಿನಲ್ಲಿ ಬಡತನದಲ್ಲಿ ಆ ಮಹಾನಟನ ಜತೆಗಿದ್ದವಳು ಆಕೆಯೇ ಎಂಬುದನ್ನು ಲೆಕ್ಕಕ್ಕೆ ಹಿಡಿದವರು ಕಡಿಮೆ. ಈ ಲೆಕ್ಕವನ್ನು ಸರಿಪಡಿಸುವ ಕೆಲಸ ಕನ್ನಡಿಗರಾದ ನಾವೂ ಮಾಡಲಿಲ್ಲ. ಗೋಹರಬಾಯಿ 1964ರಲ್ಲಿ ತೀರಿಕೊಂಡರು.

ಗಳಿಕೆಯ ದಿನಗಳಲ್ಲಿ ಅಮೀರಬಾಯಿಗೆ ತವರಿನ ನೆನಪು ಬತ್ತಿರಲಿಲ್ಲ. ಬಿಜಾಪುರದಲ್ಲಿ, ಈಗಿನ ವಿಜಯಪುರದಲ್ಲಿ, ಅವರ ಮನೆತನದ ಚಿತ್ರಮಂದಿರವೊಂದು ಅಮೀರ ಟಾಕೀಜ್ ಎಂಬ ಹೆಸರಿನಿಂದ ಎದ್ದು ನಿಂತಿತು. ಅಕ್ಕ ಹೋದ ಮರುವರ್ಷವೇ ಪಾರ್ಶ್ವವಾಯು ಬಡಿಯಿತು. 1965ರ ಮಾರ್ಚ್ 3ರಂದು ಅವರು ಕಣ್ಣುಮುಚ್ಚಿದರು. ಹರೆಯದಲ್ಲಿ ಮುಂಬಯಿಗೆ ಹೊರಟುಹೋಗಿದ್ದ ದೇಹವನ್ನು ಬಿಜಾಪುರಕ್ಕೆ ತಂದು ಅಲ್ಲಿನ ಮಣ್ಣಿನಲ್ಲಿ ಹೂಳಿದರು. ಆಗ ಕನ್ನಡನಾಡಿಗೆ ಮೈಸೂರು ರಾಜ್ಯವೆಂದು ಹೆಸರಿತ್ತು.