ಹೈನ್ಜ್: ಉಪ್ಪಿನಕಾಯಿ ದೊರೆಯ ಔದಾರ್ಯ ಮತ್ತು ಒಂದು ಸಹಿ

ಕೆಚಪ್ ಶೀಶೆಗಳ ಮೇಲೆ ಜಗತ್ತೇ ಓದುವ ಹೈನ್ಜ್ ಎಂಬ ಹೆಸರು ಒಮ್ಮೆ ದಿವಾಳಿಯಾದ ವರ್ತಕರೊಬ್ಬರದು. ಅಮೆರಿಕದ ಪಿಟ್ಸ್‌ಬರ್ಗ್‌ನಲ್ಲಿ 1844ರಲ್ಲಿ ಜರ್ಮನ್ ವಲಸಿಗರ ಮಗನಾಗಿ ಜನಿಸಿದ ಹೆನ್ರಿ ಜಾನ್ ಹೈನ್ಜ್, 1869ರಲ್ಲಿ ಮೂಲಂಗಿಯಂಥ ಖಾರದ ಬೇರನ್ನು ತುರಿದು ಪಾರದರ್ಶಕ ಶೀಶೆಗಳಲ್ಲಿ ಮಾರತೊಡಗಿದರು. ಕಲಬೆರಕೆಯನ್ನು ಬಣ್ಣದ ಗಾಜಿನಲ್ಲಿ ಮರೆಮಾಚುತ್ತಿದ್ದ ಕಾಲವದು. 1875ರಲ್ಲಿ ಉದ್ಯಮ ಮುಳುಗಿತು. ಮರುವರ್ಷವೇ ಬಂಧುಗಳ ಹೆಸರಿನಲ್ಲಿ ಹೊಸ ಸಂಸ್ಥೆ ಆರಂಭಿಸಿ, ಹಳೆಯ ಸಾಲಗಳನ್ನು ಪಟ್ಟಿ ಮಾಡಿಟ್ಟುಕೊಂಡು ತೀರಿಸಿದರು. 1896ರಲ್ಲಿ 57 ಬಗೆಗಳೆಂಬ ಘೋಷಣೆ ಹೊರಟಾಗ ತಯಾರಾಗುತ್ತಿದ್ದವು ಅದಕ್ಕಿಂತ ಹೆಚ್ಚು. ಸಂಖ್ಯೆ ಅವರಿಗೆ ಹಿಡಿಸಿತ್ತು, ಅಷ್ಟೆ.

ಅದೇ ಪ್ರದೇಶದ ಹೋಮ್‌ಸ್ಟೆಡ್ ಉಕ್ಕಿನ ಕಾರ್ಖಾನೆಯಲ್ಲಿ 1892ರಲ್ಲಿ ಕಾರ್ಮಿಕರಿಗೂ ಬಾಡಿಗೆ ಕಾವಲುಗಾರರಿಗೂ ನಡೆದ ಕಾಳಗದಲ್ಲಿ ರಕ್ತ ಹರಿದಿತ್ತು. ಹೈನ್ಜ್ ಹಿಡಿದ ದಾರಿ ಬೇರೆ. ಉಪ್ಪಿನಕಾಯಿ ತುಂಬುವ ಹುಡುಗಿಯರಿಗೆ ಭೋಜನಶಾಲೆ, ಸ್ನಾನಗೃಹ, ಮಹಡಿಯ ಮೇಲೊಂದು ತೋಟ, ಉಗುರು ಶುಚಿಗೊಳಿಸುವ ಏರ್ಪಾಡು ಕೂಡ ಇತ್ತು. ಇವೆಲ್ಲ ಮಾಲೀಕರ ಕೃಪೆಯೇ ಹೊರತು ಹಕ್ಕುಗಳಲ್ಲ. ದುಡಿಯುವವರ ಜತೆ ಕರಾರು ಇರಲಿಲ್ಲ. 1906ರ ಶುದ್ಧ ಆಹಾರ ಕಾಯ್ದೆಯನ್ನು ಬೆಂಬಲಿಸಿ ಕೀರ್ತಿ ಗಳಿಸಿದ ಅವರು 1919ರಲ್ಲಿ ನಿಧನರಾದರು.

ಬಾಕಿ ಲೆಕ್ಕ ಪುತ್ರ ಹೊವಾರ್ಡ್‌ರ ಆಡಳಿತದಲ್ಲಿ ಎದುರಾಯಿತು. 1937ರಲ್ಲಿ ಪಿಟ್ಸ್‌ಬರ್ಗ್ ಕಾರ್ಖಾನೆಯ ಕಾರ್ಮಿಕರು ಸಂಘ ಕಟ್ಟಿ ಮುಷ್ಕರ ಹೂಡಿದರು. ಮಾತುಕತೆಗೆ ಒಪ್ಪಿದ ಕಂಪನಿ, ಒಪ್ಪಂದವನ್ನು ಬರೆದು ಸಹಿ ಹಾಕಲು ನಿರಾಕರಿಸಿತು. ವ್ಯಾಜ್ಯ ಸುಪ್ರೀಂ ಕೋರ್ಟಿನವರೆಗೆ ಹೋಯಿತು. ಬಾಯಿಮಾತು ಸಾಲದು, ಲಿಖಿತ ಒಪ್ಪಂದಕ್ಕೆ ಸಹಿ ಹಾಕಲೇಬೇಕೆಂದು 1941ರ ಜನವರಿಯಲ್ಲಿ ತೀರ್ಪು ಹೊರಬಿತ್ತು. ಮರುತಿಂಗಳು ಹೊವಾರ್ಡ್ ತೀರಿಕೊಂಡರು.