ಕಡೆಯವರೆಗೂ ಕಲಿತ ಗಗನಯಾತ್ರಿ: ಯೂರಿ ಗಗಾರಿನ್

ಕೀರ್ತಿಯನ್ನು ಸಂಪಾದಿಸುವುದು ಕಷ್ಟ. ಸಂಪಾದಿಸಿದ ಮೇಲೆಯೂ ವಿದ್ಯಾರ್ಥಿಯಾಗಿ ಉಳಿಯುವುದು ಅದಕ್ಕಿಂತಲೂ ಕಷ್ಟ. ಇವೆರಡನ್ನೂ ಸಾಧಿಸಿದವರಲ್ಲಿ ಬಾಹ್ಯಾಕಾಶವನ್ನು ಪ್ರಪ್ರಥಮವಾಗಿ ಪ್ರವೇಶಿಸಿದ ಯೂರಿ ಗಗಾರಿನ್ ಒಬ್ಬರು.

ರಷ್ಯಾದ ಸ್ಮೋಲೆನ್ಸ್ಕ್ ಪ್ರಾಂತದ ಕ್ಲುಶಿನೊ ಎಂಬ ಹಳ್ಳಿಯಲ್ಲಿ 1934ನೆಯ ಮಾರ್ಚ್ 9ರಂದು ಅವರು ಜನಿಸಿದರು. ತಂದೆ ಬಡಗಿ, ತಾಯಿ ಸಾಮೂಹಿಕ ಬೇಸಾಯಕ್ಷೇತ್ರದ ಹಾಲಿನ ಕೊಟ್ಟಿಗೆಯಲ್ಲಿ ದುಡಿಯುವವರು. 1941ರಲ್ಲಿ ಜರ್ಮನ್ ಸೇನೆ ಹಳ್ಳಿಯನ್ನು ಆಕ್ರಮಿಸಿತು. ಮನೆಯಿಂದ ಹೊರದೂಡಲ್ಪಟ್ಟ ಕುಟುಂಬವು ನೆಲವನ್ನು ತೋಡಿ ಮಾಡಿಕೊಂಡ ಗುಡಿಸಲಿನಲ್ಲಿ ಕಾಲ ನೂಕಿತು. ಅಣ್ಣನನ್ನೂ ಅಕ್ಕನನ್ನೂ ಶತ್ರುಗಳು ಬಲವಂತದ ದುಡಿಮೆಗೆ ಒಯ್ದರು. ಬಾಲಕನ ಓದಿಗೆ ವಿಘ್ನವೊದಗಿತು.

ಯುದ್ಧಾನಂತರ ಗಗಾರಿನ್ನರು ಮಾಸ್ಕೋ ಬಳಿಯ ಲ್ಯುಬೆರ್ತ್ಸಿಯಲ್ಲಿ ಲೋಹದ ಎರಕದ ಕೆಲಸವನ್ನು ಕಲಿತರು. ಸಂಜೆಯ ಶಾಲೆಯಲ್ಲಿ ಓದನ್ನೂ ಮುಂದುವರಿಸಿದರು. ತರುವಾಯ ಸರಾತೊವ್ ನಗರದ ತಾಂತ್ರಿಕ ವಿದ್ಯಾಲಯವನ್ನು ಸೇರಿ, ಅಲ್ಲಿನ ವಿಮಾನ ಸಂಘದಲ್ಲಿ 1955ರಲ್ಲಿ ಹಾರಲು ಕಲಿತರು. ಒರೆನ್‌ಬರ್ಗಿನ ಸೈನಿಕ ವಿಮಾನಶಾಲೆಯಲ್ಲಿ ಶಿಕ್ಷಣ ಮುಗಿಸಿ, 1957ರಲ್ಲಿ ಲೆಫ್ಟಿನೆಂಟರಾಗಿ, ನಾರ್ವೆಯ ಗಡಿಗೆ ಸಮೀಪದ ಶೀತಪ್ರದೇಶದಲ್ಲಿ ಸೇವೆ ಸಲ್ಲಿಸಿದರು. ಗಗನಯಾತ್ರೆಗಾಗಿ 1960ರಲ್ಲಿ ಆಯ್ಕೆಯಾದ 20 ಮಂದಿ ವೈಮಾನಿಕರಲ್ಲಿ ಅವರೂ ಒಬ್ಬರಾದರು.

1961ನೆಯ ಏಪ್ರಿಲ್ 12ರಂದು ವೊಸ್ತೋಕ್ ನೌಕೆಯಲ್ಲಿ ಭೂಮಿಯನ್ನು ಒಂದು ಸಲ ಪ್ರದಕ್ಷಿಣೆ ಮಾಡಿ, 108 ನಿಮಿಷಗಳಲ್ಲಿ ಯಾತ್ರೆಯನ್ನು ಪೂರೈಸಿದರು. ಸುಮಾರು 7 ಕಿಲೋಮೀಟರ್ ಎತ್ತರದಲ್ಲಿ ನೌಕೆಯಿಂದ ಹೊರಚಿಮ್ಮಿ, ಪ್ಯಾರಾಷೂಟಿನ ನೆರವಿನಿಂದ ವೋಲ್ಗಾ ನದಿಯ ಸಮೀಪ ಇಳಿದರು. ಅದು ಸರಾತೊವ್ ಪ್ರಾಂತ. ಹಾರುವ ವಿದ್ಯೆಯನ್ನು ಕಲಿತ ಸೀಮೆಗೇ ಅವರು ಅಂತರಿಕ್ಷದಿಂದ ಮರಳಿದ್ದರು. ಆಗ ಅವರ ವಯಸ್ಸು 27.

ಲೋಕವೆಲ್ಲ ಹಾರ ಹಾಕಿದರೂ ಗಗಾರಿನ್ನರು ಮತ್ತೆ ಪುಸ್ತಕ ಹಿಡಿದರು. ಅದೇ ವರ್ಷ ಝುಕೋವ್‌ಸ್ಕಿ ವಾಯುಸೇನಾ ಇಂಜಿನಿಯರಿಂಗ್ ಅಕಾಡೆಮಿಗೆ ಸೇರಿದರು. 1967ರ ಏಪ್ರಿಲ್‌ನಲ್ಲಿ ಸೊಯೂಜ್ ನೌಕೆಯ ಪ್ಯಾರಾಷೂಟು ಬಿಚ್ಚಿಕೊಳ್ಳದೆ ವ್ಲಾದಿಮಿರ್ ಕೊಮರೋವ್ ಮೃತರಾದರು. ಆ ಯಾತ್ರೆಗೆ ಬದಲಿಯಾಗಿ ಸಿದ್ಧರಾಗಿದ್ದವರು ಗಗಾರಿನ್ನರೇ. ರಾಷ್ಟ್ರದ ನಿಧಿಯಂತಿದ್ದ ಅವರನ್ನು ಕಳೆದುಕೊಳ್ಳಲು ಅಂಜಿದ ಅಧಿಕಾರಿಗಳು ಬಾಹ್ಯಾಕಾಶಯಾನವನ್ನು ಅವರಿಗೆ ನಿಷೇಧಿಸಿದರು.

ಆದರೆ ಹಾರದ ವೈಮಾನಿಕನಾಗಿ ಬಾಳಲು ಅವರ ಮನಸ್ಸು ಒಪ್ಪಲಿಲ್ಲ. 1968ರ ಫೆಬ್ರವರಿಯಲ್ಲಿ ಅಕಾಡೆಮಿಯ ವ್ಯಾಸಂಗವನ್ನು ಪೂರ್ಣಗೊಳಿಸಿ, ಯುದ್ಧವಿಮಾನವನ್ನು ಮರಳಿ ಏಕಾಂಗಿಯಾಗಿ ನಡೆಸುವ ಅರ್ಹತೆಗಾಗಿ ಅಭ್ಯಾಸಕ್ಕೆ ನಿಂತರು. ಮಾರ್ಚ್ 27ರಂದು ಶಿಕ್ಷಕ ವ್ಲಾದಿಮಿರ್ ಸೆರ್ಯೋಗಿನ್ ಅವರೊಡನೆ ಹಾರುತ್ತಿದ್ದ ಮಿಗ್-15 ವಿಮಾನ ನೆಲಕ್ಕಪ್ಪಳಿಸಿ, ಗುರುಶಿಷ್ಯರಿಬ್ಬರೂ ಅಸುನೀಗಿದರು. ಇಬ್ಬರ ಚಿತಾಭಸ್ಮವೂ ಕ್ರೆಮ್ಲಿನ್ ಗೋಡೆಯಲ್ಲಿ ನೆಲೆಗೊಂಡಿದೆ.

ಜಗತ್ತು ಅವರನ್ನು ವೀರರೆಂದು ಸ್ಮರಿಸುತ್ತದೆ. ಅವರು ಪ್ರಾಣ ಬಿಟ್ಟದ್ದು ಮಾತ್ರ ಗುರುವಿನ ಸನ್ನಿಧಿಯಲ್ಲಿ, ಶಿಷ್ಯರಾಗಿ.